ಹೆಣವಾದವನು ನಗಬೇಕು

ನಾಲ್ಕು ದಿನದಿಂದ ಪಕ್ಕದ ಮನೆಯ ಕಿಟಕಿ ತೆರೆದಿಲ್ಲ. ಕುಕ್ಕರ್ ಇಡುವಾಗ ನೋಡುತ್ತೇನೆ, ಬಟ್ಟೆ ಒಣಹಾಕುವಾಗ ನೋಡುತ್ತೇನೆ. ಒಳಗೆ ಚಂದ್ರಶೇಖರಪ್ಪನವರು ಒಬ್ಬರೇ. ಅವರಿಗೆ ಏನಾದರೂ ಆಗಿದ್ದರೆ ಅದು ನನ್ನಿಂದಲೇ ಎಂಬ ಯೋಚನೆ ತಲೆಯಿಂದ ಹೋಗುತ್ತಿಲ್ಲ.

ಶಿರಸಿಗೆ ಬಂದು ನೆಲೆಸುವ ಮೊದಲು ದಾಸನಕೊಪ್ಪದ ಈ ಮನುಷ್ಯ ಇಪ್ಪತ್ತಾರು ವರ್ಷ ಸಿನಿಮಾ ನಟ. ದೊಡ್ಡ ಸಿನಿಮಾಗಳಲ್ಲ, ಹತ್ತು ಹನ್ನೆರಡು ದಿನದಲ್ಲಿ ತೆಗೆದು ಬೆಳಗಿನ ಆಟಕ್ಕೆ ಓಡಿಸುತ್ತಿದ್ದ ದೆವ್ವದ, ಡಕಾಯಿತರ, ವಯಸ್ಕರ ಚಿತ್ರಗಳು. ಹೆಂಗಸರ ಸೆರಗಿಗೆ ಕೈ ಹಾಕುವುದು, ಮಧ್ಯಂತರಕ್ಕೆ ಮುಂಚೆ ಸಾಯುವುದು, ಅವರ ಪಾಲಿಗೆ ಇಷ್ಟೇ. ಒಮ್ಮೆ ಊರಿನ ಟೆಂಟಿಗೆ ತಮ್ಮ ಚಿತ್ರ ಬಂದಾಗ ತಾಯಿಯನ್ನು ಕರೆದೊಯ್ದಿದ್ದರಂತೆ.

“ನಾ ಸಾಯೂತನಕ ಅವ್ವ ಕುಂದ್ರಲಿಲ್ರಿ, ಮೊದಲ ಎದ್ದು ಹೋದ್ಲು,” ಎಂದಿದ್ದರು. “ಆಮ್ಯಾಲೆ ನಂಗ ಯಾರೂ ಹೆಣ್ಣು ಕೊಡಲಿಲ್ಲ. ಸಿನಿಮಾದಾಗ ಅಷ್ಟು ಮಂದಿ ಹೆಂಗಸರ ಬೆನ್ನು ಹತ್ತಿದ್ರೂ ಒಬ್ಬಾಕಿನೂ ಸಿಗಲಿಲ್ಲ ನೋಡ್ರಿ.”

ಮೊದಲ ಸಲ ಅವರು ತಮ್ಮ ಕಟ್ಟೆಯ ಮೇಲೆ ಅಲುಗಾಡದೆ ಬಿದ್ದಿದ್ದನ್ನೂ, ನನ್ನ ನಾಲ್ಕು ವರ್ಷದ ಅನುಶ್ರೀ ತಲೆದೆಸೆಯಲ್ಲಿ ನಿಂತಿದ್ದನ್ನೂ ಕಂಡು ಓಡಿದ್ದೆ.

“ಶಾಟ್ ಮುಗೀತು. ನಗು ಅಜ್ಜಾ,” ಎಂದಳು ಮಗಳು. ಅವರು ಹಲ್ಲು ಬಿಟ್ಟು ನಕ್ಕರು.

“ಗಾಬರಿ ಆದ್ರೇನು? ಹೆಣದ ಪಾರ್ಟು ಮಾಡಿದ್ಮ್ಯಾಲೆ ಕ್ಯಾಮೆರಾ ನೋಡಿ ನಗಬೇಕ್ರಿ. ಇಲ್ಲಾಂದ್ರ ಸಾವು ಮೈಗೆ ಅಂಟ್ಕೊಳ್ತದ ಅಂತಾರ ಸಿನಿಮಾದವರು. ಅರವತ್ತು ಸಲ ಸತ್ತೀನಿ, ಅರವತ್ತು ಸಲ ನಕ್ಕೀನಿ. ಆ ನಗಿ ಒಂದೂ ಸಿನಿಮಾದಾಗ ಹಾಕಲಿಲ್ಲ.”

ಆಮೇಲೆ ದಿನಾ ಸಂಜೆ ನಾಲ್ಕಕ್ಕೆ ಅದೇ ಆಟ. ನಾನೇ ಸುಮ್ಮನಿರಲಾರದೆ ಮೊಬೈಲಿನಲ್ಲಿ ಅವರ ಚಿತ್ರ ಹುಡುಕಿದೆ. ಒಂದು ತುಣುಕು ಸಿಕ್ಕಿತು. ಗೋದಾಮಿನಲ್ಲಿ ಹುಡುಗಿಯೊಬ್ಬಳನ್ನು ಅಟ್ಟಿಸಿಕೊಂಡು ಹೋಗುತ್ತಿದ್ದಾರೆ, ಅವೇ ಹಲ್ಲು. ನಟನೆ ಎಂದು ಗೊತ್ತಿದ್ದೂ ನಮ್ಮ ಗೇಟಿಗೆ ಬೀಗ ಹಾಕಿದೆ. “ಇನ್ನು ಆ ಮನೆಗೆ ಹೋಗಬೇಡ,” ಎಂದು ಮಗಳಿಗೆ ಹೇಳಿದ್ದು ಕಟ್ಟೆಯವರೆಗೂ ಕೇಳಿಸಿತು. ಅವರು ಪೇಪರ್ ಮಡಚಿಕೊಂಡು, ಇದು ಹೊಸತಲ್ಲ ಎನ್ನುವವರಂತೆ ಒಳಗೆ ಹೋದರು.

ಇವತ್ತು ನಾಲ್ಕು ಗಂಟೆಗೆ ಅನುಶ್ರೀ ಗೇಟು ಹಿಡಿದುಕೊಂಡು ಕೇಳಿದಳು, “ಅಮ್ಮಾ, ಈಗ ಅಜ್ಜಂಗೆ ಶಾಟ್ ಮುಗೀತು ಅಂತ ಯಾರು ಹೇಳ್ತಾರೆ?”

ಗ್ಯಾಸ್ ಬಂದರೆ ತಿಳಿಸಿ ಎಂದು ಅವರೇ ನಮ್ಮ ಕ್ಯಾಲೆಂಡರ್ ಮೇಲೆ ಬರೆದಿದ್ದ ನಂಬರಿತ್ತು. ಒತ್ತಿದೆ. ಮುಚ್ಚಿದ ಕಿಟಕಿಯ ಆಚೆ ರಿಂಗಾಗುವುದು ಇಲ್ಲಿಗೇ ಕೇಳಿತು, ನಿಂತಿತು. ಇನ್ನೊಮ್ಮೆ ಮಾಡಿದೆ.

“ಯಾರ್ರಿ?”

“ಪಕ್ಕದ ಮನೆ ಸೌಮ್ಯ. ಹುಷಾರಿದೀರಾ?”

“ಅದೀನ್ರಿ.”

“ಗೇಟಿನ ಬೀಗ ತೆಗೀತೀನಿ. ತಪ್ಪು ನಂದು. ಅನುಶ್ರೀನ ಕಳಿಸ್ಲಾ?”



“ಒಬ್ಬಾಕಿನ್ನ ಕಳಸಬ್ಯಾಡ್ರಿ. ನೀವೂ ಬರ್ರಿ,” ಎಂದರು. “ಆದ್ರ ಕಡೀತನಕ ಕುಂದ್ರಬೇಕು. ನಡುವ ಎದ್ದು ಹೋಗಬ್ಯಾಡ್ರಿ.”