ದಾರದಕ್ಕ ತಪ್ಪಿ ಹೊಲಿದ ನಲವತ್ತು ಪುಸ್ತಕ

ಬೈಂಡಿಂಗ್ ಮನೆಯಲ್ಲಿ ಅವಳನ್ನು ಎಲ್ಲರೂ ಕರೆಯುವುದು ದಾರದಕ್ಕ ಎಂದು. ಹದಿನಾರು ಪುಟಗಳಾಗುವಂತೆ ಮಡಿಸಿದ ಹಾಳೆಗೆ ಅಲ್ಲಿ ಫಾರಂ ಅನ್ನುತ್ತಾರೆ. ಫಾರಂಗಳನ್ನು ಸಾಲಾಗಿ ಕೂಡಿಸಿ, ಮೇಣ ಸವರಿದ ದಾರದಿಂದ ಬೆನ್ನು ಹೊಲಿಯುವುದು ಅವಳ ಕೆಲಸ. ಹನ್ನೆರಡು ವರ್ಷದಿಂದ ಅದೇ ಕಿಟಕಿ, ಅದೇ ಮೇಜು. ಮಗಳು ಹುಟ್ಟಿದ ಮೇಲೆ ಮೇಜಿನ ಕೆಳಗೆ ಒಂದು ಚಾಪೆಯೂ ಬಂದಿತ್ತು. ಮೂರು ವರ್ಷದ ಆ ಪುಟ್ಟಿ ಕತ್ತರಿಸಿ ಬಿದ್ದ ಕಾಗದದ ಪಟ್ಟಿಗಳನ್ನು ಗುಡ್ಡೆ ಹಾಕಿಕೊಂಡು ಬೆಳಗಿನಿಂದ ಸಂಜೆಯವರೆಗೆ ಅಲ್ಲೇ ಸಂಸಾರ ನಡೆಸುತ್ತಾಳೆ. ಮೇಜಿನ ಕೆಳಗೆ ಮಗುವನ್ನು ಬಿಟ್ಟುಕೊಳ್ಳುವ ಕೆಲಸ ಊರಲ್ಲಿ ಇನ್ನೊಂದಿಲ್ಲ. ಅದು ದಾರದಕ್ಕನಿಗೂ ಗೊತ್ತು, ಮಾಲೀಕರಿಗೂ ಗೊತ್ತು.

ಆ ಗುರುವಾರ ಹನ್ನೊಂದು ಗಂಟೆಯ ಹೊತ್ತಿಗೆ, ಹೊಲಿದು ಮುಗಿಸಿದ ನಲವತ್ತು ಪುಸ್ತಕಗಳನ್ನು ಅಂಟು ಹಚ್ಚಲು ಕಳಿಸುವ ಮೊದಲು, ಬೆನ್ನು ತನ್ನ ಕಡೆ ಬರುವಂತೆ ಜೋಡಿಸಿದಳು. ಒಂದೊಂದರ ಬೆನ್ನನ್ನೂ ಮತ್ತೆ ಮೊದಲಿನಿಂದ ನೋಡಿದಳು.

ಪ್ರತಿ ಫಾರಂನ ಮಡಿಕೆಯ ಮೇಲೆ ಅಚ್ಚಿನವರು ಒಂದು ಕಪ್ಪು ಗುರುತು ಹಾಕಿರುತ್ತಾರೆ. ಮೊದಲನೆಯದಕ್ಕೆ ಮೇಲ್ತುದಿಯಲ್ಲಿ, ಎರಡನೆಯದಕ್ಕೆ ಕೊಂಚ ಕೆಳಗೆ, ಮೂರನೆಯದಕ್ಕೆ ಇನ್ನೂ ಕೆಳಗೆ. ಸಾಲು ಸರಿಯಿದ್ದರೆ ಪುಸ್ತಕದ ಬೆನ್ನ ಮೇಲೆ ಮೆಟ್ಟಿಲು ಇಳಿದ ಹಾಗೆ ಕಾಣುತ್ತದೆ. ಇಲ್ಲಿ ಮೆಟ್ಟಿಲು ಮುರಿದಿತ್ತು. ನಲವತ್ತರಲ್ಲೂ ಒಂದೇ ಥರ ಮುರಿದಿತ್ತು.

ಪುಸ್ತಕ ಒಬ್ಬ ನಿವೃತ್ತ ಮೇಷ್ಟ್ರದು. ಕ್ರೈಸ್ತರ ಮೊದಮೊದಲ ಬರಹಗಳು ಯೇಸುವನ್ನು ದೇವರೆಂದು ಕಂಡದ್ದು ಹೇಗೆ ಎಂಬುದೇ ಅದರ ವಿಷಯ. ಚರ್ಚಿನಲ್ಲಿ ಓದುವ ಗ್ರಂಥದಲ್ಲಿ ಯೇಸುವಿನ ಬದುಕು ಹೇಳುವ ನಾಲ್ಕು ಸುವಾರ್ತೆಗಳು ಮುಂದೆ, ಅವನ ಮಾತು ಸಾರಿದವರು ಬರೆದ ಪತ್ರಗಳು ಹಿಂದೆ. ಬರೆದ ಕಾಲವನ್ನು ನೋಡಿದರೆ ಪತ್ರಗಳಲ್ಲಿ ಹಲವು ಸುವಾರ್ತೆಗಳಿಗಿಂತ ಹಳೆಯವು. ಸುವಾರ್ತೆಗಳಲ್ಲೂ ಎರಡನೆಯದಾಗಿ ಕೂತಿರುವ ಚಿಕ್ಕದೇ ಎಲ್ಲಕ್ಕಿಂತ ಮೊದಲಿನದು. ಮೇಷ್ಟ್ರು ಈ ಕಾಲದ ಸಾಲಿನಲ್ಲೇ ಅಧ್ಯಾಯಗಳನ್ನು ಇಟ್ಟಿದ್ದರು, ಅಧ್ಯಾಯಕ್ಕೊಂದು ಫಾರಂ. ಇಡೀ ಪುಸ್ತಕದ ಜೀವ ಆ ಸಾಲಿನಲ್ಲಿತ್ತು. ದಾರದಕ್ಕ ಅದನ್ನು ಚರ್ಚಿನ ಸಾಲಿಗೆ ಹೊಲಿದಿಟ್ಟಿದ್ದಳು.

ಬರೀ ತಪ್ಪಾಗಿದ್ದರೆ ಬಿಚ್ಚಿ ಹೊಲಿದರೆ ಮುಗಿಯುತ್ತಿತ್ತು. ಆದರೆ ಮೂರು ವಾರದ ಹಿಂದೆ, ಮೇಷ್ಟ್ರು ಕೆಲಸ ಒಪ್ಪಿಸಲು ಬಂದ ದಿನ, ಅವಳು ಎಲ್ಲರೆದುರು ಬಾಯಿ ಬಿಟ್ಟಿದ್ದಳು.

"ಮೇಷ್ಟ್ರೇ, ದೇವರು ಮೊದಲಿಂದಲೂ ದೇವರೇ ಅಲ್ವಾ? ಬರೆಯೋರು ಆಮೇಲೆ ಮಾಡಿದ್ರು ಅಂತ ಬರೆದಿದ್ದೀರಂತಲ್ಲ. ಇದನ್ನ ನನ್ನ ಕೈಲಿ ಹೊಲಿಸಬೇಡಿ."

"ಓದಿದ್ಯೇನಮ್ಮಾ?"

"ಇಲ್ಲ. ಓದೋದೂ ಇಲ್ಲ."

"ಓದದೆ ಬೈಯೋರು ನನಗೇನು ಹೊಸಬರಲ್ಲ ಬಿಡು," ಎಂದು ಮೇಷ್ಟ್ರು ನಕ್ಕಿದ್ದರು. ಮಾಲೀಕರು ನಕ್ಕಿರಲಿಲ್ಲ; ಕೆಲಸವನ್ನು ಅವಳಿಗೇ ಒಪ್ಪಿಸಿದ್ದರು. ಹಿಂದೊಮ್ಮೆ ಕತ್ತರಿ ಕೆಲಸದವನು ತನಗೆ ಹಿಡಿಸದ ಒಂದು ಹಾಳೆಯನ್ನು ಗುಟ್ಟಾಗಿ ಕಿತ್ತಿದ್ದ. ಮಧ್ಯಾಹ್ನದೊಳಗೆ ಅವನ ಊಟದ ಡಬ್ಬಿ ಬೀದಿಯಲ್ಲಿತ್ತು. "ನಾವು ಪುಸ್ತಕದ ಬೆನ್ನು ಕಟ್ಟೋರು, ಹೊಟ್ಟೆಗೆ ಕೈ ಹಾಕೋರಲ್ಲ" ಎನ್ನುವುದು ಮಾಲೀಕರ ಮಾತು.

ಅಂಟು ಹಚ್ಚುವ ಗೋಂದಣ್ಣ ಬಂದು ಬೆನ್ನುಗಳನ್ನು ನೋಡಿದ. ಕುಂಚ ಬಕೆಟ್ಟಿನಲ್ಲೇ ಉಳಿಯಿತು.

"ಬೇಕಂತಲೇ ಮಾಡಿದೆ ಅಂತಾರೆ ಕಣಮ್ಮಾ."

"ಮಾಡಿಲ್ಲ, ಅಣ್ಣ. ಓದಬಾರದು ಅಂತ ಶೀರ್ಷಿಕೆ ಮಾತ್ರ ನೋಡಿ ಫಾರಂ ಕಟ್ಟುಗಳನ್ನ ಸಾಲಿಗಿಟ್ಟೆ. ವರ್ಷಗಟ್ಟಲೆ ಚರ್ಚಿನ ಗ್ರಂಥ ಹೊಲಿದ ಕೈ. ಅದರ ಪಾಡಿಗೆ ಅದು ಜೋಡಿಸಿಬಿಡ್ತು."

"ನಾನು ನಂಬ್ತೀನಿ. ನನ್ನ ನಂಬಿಕೆಯಿಂದ ನಿನ್ನ ಮೇಜು ಉಳಿಯುತ್ತಾ? ಸುಮ್ನೆ ಬಿಚ್ಚಿ ಹೊಲಿ. ಈಗ ಹೋಗಿ ಹೇಳಿದ್ರೆ, ಕುಂಬಳಕಾಯಿ ಕಳ್ಳ ಅಂದ್ರೆ ಹೆಗಲು ಮುಟ್ಟಿ ನೋಡ್ಕೊಂಡ ಹಾಗಾಗುತ್ತೆ."

ಮೇಷ್ಟ್ರು ಬರುವುದು ನಾಲ್ಕಕ್ಕೆ. ಅಷ್ಟರೊಳಗೆ ನಲವತ್ತು ಮುಗಿಯುವ ಮಾತಲ್ಲ. ದಾರದಕ್ಕ ಬಗ್ಗಿ ಮೇಜಿನ ಕೆಳಗೆ ನೋಡಿದಳು. ಮಗಳು ಕಾಗದದ ಪಟ್ಟಿಯೊಂದಕ್ಕೆ ಜೋಗುಳ ಹಾಡುತ್ತಿದ್ದಳು. ಅವಳ ಮೂಗು ಒರೆಸಿ, ಒಂದು ಪುಸ್ತಕ ಎತ್ತಿಕೊಂಡು ಮಾಲೀಕರ ಕೋಣೆಗೆ ಹೋದಳು.

ಮಾಲೀಕರು ಬೆನ್ನು ನೋಡಿದರು, ಅವಳನ್ನು ನೋಡಿದರು.

"ಬೇಕಂತಾನಾ?"

"ಇಲ್ಲ."

"ಇಲ್ಲ ಅಂತ ನಂಬೋಕೆ ನನ್ನ ಹತ್ರ ಏನಿದೆ?"

ಅವಳು ಪುಸ್ತಕವನ್ನು ಅವರ ಮೇಜಿನ ಮೇಲಿಟ್ಟಳು.

"ಬಿಚ್ಚಿ ಹೊಲಿ," ಎಂದರು. "ಮೇಷ್ಟ್ರು ಬರಲಿ. ಅವರ ಎದುರಿಗೇ ತೀರ್ಮಾನ."

ಹೊಲಿದ ದಾರ ಕತ್ತರಿಸುವಾಗ ಆಗುವ ಟಕ್ ಎನ್ನುವ ಸದ್ದು ಅವಳಿಗೆ ಯಾವತ್ತೂ ಆಗದು. ಅವತ್ತು ನಲವತ್ತು ಪುಸ್ತಕಗಳ ದಾರ ಕತ್ತರಿಸಿದಳು. ಮತ್ತೆ ಸಾಲು ತಪ್ಪಬಾರದೆಂದು ಈ ಸಲ ಗುರುತಿನ ಜೊತೆಗೆ ಶೀರ್ಷಿಕೆಯ ಕೆಳಗಿನ ಸಾಲುಗಳ ಮೇಲೂ ಕಣ್ಣಾಡಿಸಿದಳು. ಹಾಗೆ ನೋಡುತ್ತ ನೋಡುತ್ತ, ಬೇಡವೆಂದರೂ ಒಂದಿಷ್ಟು ತಲೆಗೆ ಹೋಯಿತು. ಹಳೆಯ ಪತ್ರವೊಂದರಲ್ಲಿ ಯೇಸು ದೇವರ ಮಗನೆಂದು ಸಾರುವುದು ಸತ್ತು ಎದ್ದ ಮೇಲೆ. ಚಿಕ್ಕ ಸುವಾರ್ತೆಯಲ್ಲಿ ಆ ಗಳಿಗೆ ನದಿಯ ದಡಕ್ಕೆ, ಅವನು ದೀಕ್ಷಾಸ್ನಾನ ಪಡೆದ ದಿನಕ್ಕೆ ಬರುತ್ತದೆ. ಮುಂದಿನ ಎರಡರಲ್ಲಿ ಇನ್ನೂ ಹಿಂದೆ, ತಾಯಿಯ ಬಸಿರಿಗೆ. ಕೊನೆಯದರಲ್ಲಿ ಲೋಕವೇ ಹುಟ್ಟುವ ಮುಂಚಿಗೆ. ಆದರೆ ಇದು ನೆಟ್ಟಗಿನ ಏಣಿಯಲ್ಲ ಎಂದೂ ಮೇಷ್ಟ್ರು ಬರೆದಿದ್ದರು. ಆ ಹಳೆಯ ಪತ್ರಗಳೊಳಗೇ ಅದಕ್ಕಿಂತ ಹಳೆಯದಿರಬಹುದಾದ ಒಂದು ಹಾಡಿದೆ, ದೇವರ ರೂಪದಲ್ಲಿದ್ದವನು ಕೆಳಗಿಳಿದು ಬಂದನೆಂದು ಅದು ಆಗಲೇ ಹಾಡುತ್ತದೆ; ಅದನ್ನು ಹೇಗೆ ಓದಬೇಕೆಂದು ಪಂಡಿತರು ಇನ್ನೂ ಜಗಳವಾಡುತ್ತಿದ್ದಾರೆ. ದೇವರನ್ನು ಕೆಡವಲು ಹೊರಟ ಪುಸ್ತಕ ಎಂದುಕೊಂಡಿದ್ದಳು. ಈ ಮನುಷ್ಯ ಕೆಡವುತ್ತಲೂ ಇರಲಿಲ್ಲ, ಕಟ್ಟುತ್ತಲೂ ಇರಲಿಲ್ಲ. ಇದ್ದ ಕಲ್ಲುಗಳನ್ನು ಎಣಿಸುತ್ತಿದ್ದ. ಓದದೆ ಬೈದದ್ದಕ್ಕೆ ಅವಳ ಕಿವಿ ಬಿಸಿಯಾಯಿತು.

ಇಪ್ಪತ್ತೆರಡು ಮುಗಿದಿದ್ದಾಗ ಮೇಷ್ಟ್ರು ಬಂದೇಬಿಟ್ಟರು. ಗಂಟೆ ಇನ್ನೂ ಮೂರೇ. ಹಿಂದೆಯೇ ಮಾಲೀಕರು. ವಿಷಯ ಆಗಲೇ ಹೇಳಿಯಾಗಿತ್ತು.

"ಏನಮ್ಮಾ, ನನ್ನ ಪುಸ್ತಕಾನ ಚರ್ಚಿಗೆ ಸೇರಿಸಿಬಿಟ್ಯಂತೆ?"

ಅವಳಿಗೆ ನಗು ಬರಲಿಲ್ಲ. ಗೋಂದಣ್ಣ ಬಕೆಟ್ಟಿನೊಳಗೆ ಏನೋ ಹುಡುಕುತ್ತಿದ್ದ.

"ಬೇಕಂತ ಮಾಡಿಲ್ಲ, ಮೇಷ್ಟ್ರೇ. ಕೈ ತಪ್ಪಿತು."

ಮೇಷ್ಟ್ರು ಸ್ಟೂಲು ಎಳೆದು ಕೂತರು. ಮೂಲೆಯಲ್ಲಿದ್ದ ಹೆಚ್ಚುವರಿ ಫಾರಂಗಳನ್ನು ತಂದು ಅಡ್ಡಾದಿಡ್ಡಿ ಮೇಜಿನ ಮೇಲೆ ಹರಡಿದರು. "ಇರಲಿ. ನನಗೆ ಅಂತ ಇನ್ನೊಂದು ಪ್ರತಿ ಜೋಡಿಸಿಕೊಡು. ಇವಳ್ಯಾರು, ಕೆಳಗೆ?"

"ನನ್ನ ಮಗಳು. ಗಟ್ಟಿಗಿತ್ತಿ ಅಂತೀವಿ."

"ನೊಣದಷ್ಟಿದ್ದಾಳೆ. ಗಟ್ಟಿಗಿತ್ತಿ ಯಾಕೆ?"

"ಒಂದೂವರೆ ವರ್ಷಕ್ಕೆ ಹನ್ನೆರಡು ದಿನ ಜ್ವರ ಬಂತು. ಆಸೆ ಬಿಟ್ಟಿದ್ವಿ." ಅವಳ ಕೈ ಫಾರಂಗಳ ಮೇಲೆ ಓಡಾಡುತ್ತಿತ್ತು, ಕಣ್ಣು ಮಗಳ ಮೇಲಿತ್ತು. "ಹದಿಮೂರನೇ ದಿನ ಎದ್ದು ಕೂತು ಹಾಲು ಕೇಳಿದ್ಳು. ಆವಾಗ ನಮ್ಮತ್ತೆ ಗಟ್ಟಿಗಿತ್ತಿ ಅಂದ್ರು. ಸ್ವಲ್ಪ ದಿನ ಆದ್ಮೇಲೆ, ಹುಟ್ಟಿದಾಗಲೇ ಮುಷ್ಟಿ ಬಿಗಿ ಹಿಡಿದಿದ್ಳು ಅಂತ ಶುರುಮಾಡಿದ್ರು. ಈಗ ಹೊಟ್ಟೇಲಿದ್ದಾಗಿನ ಒದೆತ ನೋಡೇ ನಂಗೆ ಗೊತ್ತಿತ್ತು ಅಂತಾರೆ."

"ಗೊತ್ತಿತ್ತಾ?"

"ಎಲ್ಲಿ ಬಂತು. ಆವಾಗ ಗಂಡು ಮಗುವೇ ಅಂತ ಸಾಧಿಸಿದ್ರು."

ಗೋಂದಣ್ಣ ಕಿಸಕ್ಕೆಂದ.

"ಹಾಗಾದ್ರೆ ಅತ್ತೆ ಹೇಳೋದು ಸುಳ್ಳು," ಎಂದರು ಮೇಷ್ಟ್ರು.

"ಸುಳ್ಳು ಅಂತ ಹೇಗಂತೀರಿ? ಒದ್ದಿದ್ದು ನಿಜ, ಮುಷ್ಟಿ ಹಿಡಿದಿದ್ದೂ ನಿಜ. ಹೊತ್ತವಳಿಗೆ ಗೊತ್ತಿಲ್ವಾ. ಜ್ವರ ಬಿಟ್ಟಮೇಲೆ ಅದಕ್ಕೊಂದು ಅರ್ಥ ಬಂತು. ತಗೊಳ್ಳಿ, ನಿಮ್ಮ ಪ್ರತಿ."

ಮೇಷ್ಟ್ರು ಕೈಚಾಚಲು ಒಂದು ಗಳಿಗೆ ಮರೆತರು. ಆಮೇಲೆ ಕಟ್ಟನ್ನು ತೆಗೆದುಕೊಂಡು, ಅದರ ಬೆನ್ನನ್ನು ಮಾಲೀಕರ ಕಡೆ ತಿರುಗಿಸಿದರು.

ಮೆಟ್ಟಿಲು ಮುರಿದಿತ್ತು. ಬೆಳಿಗ್ಗೆ ಹೇಗೆ ಮುರಿದಿತ್ತೋ ಹಾಗೆಯೇ.

ದಾರದಕ್ಕ ಕಟ್ಟನ್ನು ಕಿತ್ತುಕೊಳ್ಳಲು ಕೈ ಮುಂದೆ ಮಾಡಿದಳು. ಮೇಷ್ಟ್ರು ಕೊಡಲಿಲ್ಲ.

"ನೋಡಿ ಮಾಲೀಕರೇ. ಬೆಳಗಿಂದ ಕೂತು ಇದನ್ನೇ ಸರಿಮಾಡ್ತಿದ್ದಾಳೆ. ಮಾತಿಗೆ ಎಳೆದೆ, ಕೈ ಹಳೇ ದಾರಿ ಹಿಡೀತು. ಬೇಕಂತ ಮಾಡೋಳು, ನಿಮ್ಮ ಕಣ್ಣೆದುರಿಗೆ, ಕೆಲಸ ಹೋಗೋ ಹೊತ್ತಲ್ಲಿ, ಮತ್ತೆ ಮಾಡ್ತಾಳಾ?"

ಮಾಲೀಕರು ಕಟ್ಟನ್ನು ಬೆಳಕಿಗೆ ಹಿಡಿದು ನೋಡಿದರು. ಎಷ್ಟು ಹೊತ್ತೆಂದರೆ, ಮೇಜಿನ ಕೆಳಗಿನ ಜೋಗುಳ ಒಂದು ಸುತ್ತು ಮುಗಿದು ಮತ್ತೆ ಶುರುವಾಯಿತು.

"ಗೋಂದಣ್ಣ," ಎಂದರು ಕೊನೆಗೆ. "ಇವಳು ಜೋಡಿಸಿದ್ದನ್ನ ಹೊಲಿಯೋ ಮುಂಚೆ ಇನ್ಮೇಲೆ ನೀನು ನೋಡಬೇಕು. ಮೆಟ್ಟಿಲು ಸರಿ ಇದೆಯಾ ಅಂತ."

"ಮೆಟ್ಟಿಲು ಅಂದ್ರೆ ನಂಗೆ ಮಂಡಿ ನೋವು, ಸ್ವಾಮಿ."

"ಕೂತ್ಕೊಂಡು ನೋಡು."

ಅಷ್ಟು ಹೇಳಿ ಅವರು ಕೋಣೆಗೆ ಹೋದರು. ದಾರದಕ್ಕ ಸೆರಗಿನಿಂದ ಕಣ್ಣೊರೆಸಿಕೊಂಡು, ಇನ್ನೂ ಹದಿನೆಂಟಿದೆ ಎಂದು ಸೂಜಿ ಹುಡುಕಿದಳು. ಮೇಜಿನ ಮೇಲಿನ ಫಾರಂ ಕಟ್ಟುಗಳನ್ನೆಲ್ಲ ಶೀರ್ಷಿಕೆ ಕಾಣದಂತೆ ಮಗುಚಿ, ಕಪ್ಪು ಗುರುತು ಮಾತ್ರ ತನ್ನ ಕಡೆ ಬರುವ ಹಾಗೆ ಇಟ್ಟಳು. ಮೇಷ್ಟ್ರು ಹೊರಡಲಿಲ್ಲ. ಕೋಟು ಬಿಚ್ಚಿ ಸ್ಟೂಲಿಗೆ ಹಾಕಿ, ದಾರದುಂಡೆ ತೆಗೆದುಕೊಂಡು ಮೇಣ ಸವರಲು ಕೂತರು.

"ತೆಳ್ಳಗೆ ಸವರಿ," ಎಂದಳು ಅವಳು. "ಹೆಚ್ಚಾದ್ರೆ ಹಾಳೆಗೆ ಕಲೆ ಆಗುತ್ತೆ. ಮತ್ತೆ ನನ್ನ ಮಾತಾಡಿಸಬೇಡಿ."