ಬೋಯಾ ಹಡಗಿನ ದೌಲಪ್ಪನ ಕೈ

ಕಲಬುರಗಿಯ ಗಾಜಿಪುರದಲ್ಲಿ ದೌಲಪ್ಪನ ಮನೆ ಯಾವುದೆಂದು ಕೇಳಿದರೆ ಯಾರೂ ಹೇಳಲಾರರು. ಸಮುದ್ರದ ಕಾಕಾನ ಮನೆ ಎಂದರೆ ಬಾಗಿಲ ತನಕ ಬಂದು ಬಿಟ್ಟುಹೋಗುತ್ತಾರೆ. ಸಮುದ್ರವೇ ಇಲ್ಲದ ಊರಿನಲ್ಲಿ ಅದನ್ನು ಕಂಡುಬಂದವನಿಗೆ ಅಷ್ಟು ಬೆಲೆ. ಕಾಕಾ ಕಳ್ಳಸಾಗಣೆಯವರ ಮೇಲೆ ಗುಂಡು ಹಾರಿಸಿದ್ದಾನೆಂದು ಓಣಿಯವರು ತಾವೇ ಕತೆ ಕಟ್ಟಿಕೊಂಡಿದ್ದರು. ಪಾಪ, ಅವನು ಹಾರಿಸಿದ್ದು ಒಂದೂ ಇಲ್ಲ. ಕರಾವಳಿ ಕಾವಲಿನ ಬೋಯಾ ಹಡಗಿನಲ್ಲಿ ಕ್ರೇನ್ ನಡೆಸುತ್ತಿದ್ದ, ಅಷ್ಟೇ.

ಬೋಯಾ ಎಂದರೆ ಹಡಗುಗಳಿಗೆ ದಾರಿ ತೋರಿಸಲು ನೀರಿನ ಮೇಲೆ ನಿಲ್ಲಿಸಿದ ಕಬ್ಬಿಣದ ತೇಲುಗುಂಡು, ನೆತ್ತಿಯ ಮೇಲೊಂದು ದೀಪ. ಅದು ತೇಲಿಹೋಗದಂತೆ ಕೆಳಗೊಂದು ಸರಪಳಿ, ಸರಪಳಿಯ ತುದಿಗೆ ಸಮುದ್ರದ ತಳದಲ್ಲಿ ಕೂತ ಕಾಂಕ್ರೀಟ್ ಗುಂಡು. ಉಳಿದ ಹಡಗುಗಳು ಬೋಯಾ ಕಂಡರೆ ದೂರ ಸರಿಯುತ್ತವೆ, ಈ ಹಡಗು ಮಾತ್ರ ಅದರ ಮಗ್ಗುಲಿಗೇ ಹೋಗಬೇಕು. ಮರಳ ದಿಬ್ಬಕ್ಕೆ ತಾಗದಿರಲೆಂದು ಅದರ ಹೊಟ್ಟೆ ಚಪ್ಪಟೆ. ಬೋಯಾ ಎಳೆದುಕೊಳ್ಳಲು ಮುಂದಿನ ಅಟ್ಟ, ಅಂದರೆ ಡೆಕ್, ನೀರಿಗೆ ಹತ್ತಿರ, ತಗ್ಗು. ಅಲ್ಲಿ ನಡೆಯುವುದೆಲ್ಲ ಕಾಣಲೆಂದು ಕಪ್ತಾನನ ಕೋಣೆ ಹಿಂದೆ, ಎತ್ತರದಲ್ಲಿ. ಬೋಯಾ ಎತ್ತಿ, ಮೈಗೆ ಅಂಟಿದ ಚಿಪ್ಪು ಕೆರೆದು, ಸವೆದ ಸರಪಳಿ ಬದಲಿಸಿ, ದೀಪ ನೋಡಿ, ಮತ್ತೆ ಅದೇ ಜಾಗಕ್ಕೆ ಇಳಿಸುವುದು. ವರ್ಷವಿಡೀ ಅದೇ ಕೆಲಸ.

ಆ ಹಡಗಿನದು ಒಂದೇ ಧರ್ಮ. ಎತ್ತಿದ ಭಾರ ತೂಗಾಡಿದರೆ ಬಿಡು. ಯೋಚನೆ ಮಾಡಬೇಡ, ಬಿಡು. ಕೆಳಗೆ ನೀರಲ್ಲದೆ ಯಾರೂ ಇಲ್ಲ. ಹಿಡಿದುಕೊಂಡರೆ ಹಡಗೇ ವಾಲುತ್ತದೆ. ಅದಕ್ಕೇ ಅಲ್ಲಿ ಹಾಕುವ ಗಂಟೂ ಒಂದೇ ಎಳೆತಕ್ಕೆ ಬಿಚ್ಚುವಂಥದ್ದು. ದೌಲಪ್ಪ ಬಿಟ್ಟ ಬೋಯಾಗಳು ಕೆಲವು ಇಂದಿಗೂ ಸಮುದ್ರದ ಕೆಸರಿನಲ್ಲಿವೆ, ಆದರೆ ಅವನ ಕಾಲದಲ್ಲಿ ಒಬ್ಬ ಖಲಾಸಿಯೂ ಸಾಯಲಿಲ್ಲ. ತನ್ನ ಕೈಯ ಬಗ್ಗೆ ಅವನಿಗೆ ಹೆಮ್ಮೆಯಿತ್ತು.

ಹೆಂಡತಿ ಲಲಿತಾಬಾಯಿಗೆ ಅದೇ ಕೈಯ ಭಯ. ಅವನು ನಿವೃತ್ತನಾಗಿ ಬಂದ ಮೇಲೆ ಒಮ್ಮೆ ಇಬ್ಬರೂ ಸೇರಿ ಗ್ಯಾಸ್ ಸಿಲಿಂಡರನ್ನು ಮಾಳಿಗೆಗೆ ಒಯ್ಯುತ್ತಿದ್ದರು. ಮೇಲಿನ ಮೆಟ್ಟಿಲಲ್ಲಿ ಅವನು, ಕೆಳಗೆ ಅವಳು. ಸಿಲಿಂಡರ್ ತುಸು ವಾಲಿದ್ದೇ ತಡ, ಅವನು ಬಿಟ್ಟೇಬಿಟ್ಟ. ಅವಳು ಗೋಡೆಗೆ ಅಂಟಿಕೊಂಡು ಬದುಕಿದಳು. ಬಯ್ಯಬೇಕೆಂದು ತಲೆಯೆತ್ತಿದವಳು ಅವನ ಮುಖ ಕಂಡು ಹೆದರಿದಳು. ತಾನು ಬಿಟ್ಟದ್ದು ಅವನಿಗೇ ಗೊತ್ತಿರಲಿಲ್ಲ.

“ನಿಮ್ಮ ಕೈ ನಿಮ್ಮ ಮಾತು ಕೇಳಂಗಿಲ್ರಿ,” ಅಂದಳು. “ಇನ್ನ ಮ್ಯಾಲ ಭಾರದ್ದೇನೂ ಮುಟ್ಟಬ್ಯಾಡ್ರಿ.”

ಹುಟ್ಟುಗುಣ ಸುಟ್ಟರೂ ಹೋಗದು ಅನ್ನುತ್ತಾರೆ. ಕಲಿತ ಗುಣ ಅದಕ್ಕಿಂತ ಹಟಮಾರಿ.

ಈ ಬೇಸಿಗೆಯಲ್ಲಿ ಕಮಲಾಪುರದಿಂದ ತಮ್ಮ ಜಗದೇವಪ್ಪನ ಫೋನ್ ಬಂತು. ಕೆಂಪುಬಾಳೆ ತೋಟದ ಬಾವಿಯ ಹೂಳು ತೆಗೆಸುತ್ತಿದ್ದೇನೆ, ಬಂದು ನೋಡು ಎಂದ. ದೌಲಪ್ಪ ಹೋಗುವಷ್ಟರಲ್ಲಿ ಕೆಲಸ ನಿಂತಿತ್ತು. ಬಾವಿಯ ದಂಡೆಯಲ್ಲಿ ನಿಂತು ಹೂಳಿನ ತೊಟ್ಟಿ ಎತ್ತುವ ಕ್ರೇನಿಗೆ ಅಲ್ಲಿ ಯಾರಿ ಅನ್ನುತ್ತಾರೆ. ಯಾರಿ ನಡೆಸುವವನು ಜ್ವರ ಬಂದು ಮಲಗಿದ್ದ, ಆಳುಗಳು ನೆರಳಿಗೆ ಕೂತಿದ್ದರು.

“ಅಣ್ಣಾ, ನೀ ಇದ್ದೀಯಲ್ಲ,” ಅಂದ ಜಗದೇವಪ್ಪ. “ಸಮುದ್ರದಾಗಿಂದ ಬೋಯಾ ಎತ್ತಿದಾಂವಗ ನಾಕ್ ತೊಟ್ಟಿ ರಾಡಿ ಯಾವ ಲೆಕ್ಕ?”

“ನನ್ನ ಕೈಗಿ ಬ್ಯಾರೆ ರೂಢಿ ಅದ ತಮ್ಮಾ. ನಾಳಿ ಅಂವ ಬರಲಿ.”

“ನಾಳಿ ತನಕ ಆಳಿನವರನ್ನ ಸುಮ್ಮ ಕೂಡಸ್ಲೇನು? ಕೆಳಗ ನಾನೇ ಇಳೀತೀನಿ. ಅಣ್ಣ ಮ್ಯಾಲ ಇದ್ದಾಗ ನನಗ್ಯಾತರ ಅಂಜಿಕಿ?”

ಆ ಕೊನೆಯ ಮಾತಿಗೆ ದೌಲಪ್ಪ ಸೋತ. ನನ್ನನ್ನು ಕೇಳಿದರೆ, ಆಗಲೇ ಎದ್ದು ಕಲಬುರಗಿಯ ಬಸ್ ಹತ್ತಬೇಕಿತ್ತು. ಆದರೆ ನಾಲ್ಕು ಜನರ ಮುಂದೆ ತಮ್ಮ ಅಷ್ಟು ನಂಬಿ ಮಾತಾಡಿದಾಗ, ಹೆಂಡತಿ ಬೇಡವೆಂದಿದ್ದಾಳೆ ಎನ್ನಲು ಯಾವ ಗಂಡಸಿಗೆ ನಾಲಗೆ ಏಳುತ್ತದೆ?

ಹಾಗೆಂದು ಅವನು ಮೈಮರೆಯಲಿಲ್ಲ. ಯಾರಿಯಲ್ಲಿ ತೊಟ್ಟಿಯನ್ನು ಏರಿಸಲು, ಇಳಿಸಲು ಒಂದು ಹಿಡಿಕೆ; ಒಮ್ಮೆಲೇ ಬಿಟ್ಟುಬಿಡಲು ಇನ್ನೊಂದು. ಆ ಇನ್ನೊಂದನ್ನು ಅವನು ಬಹಳ ಹೊತ್ತು ನೋಡಿದ. ಹೆಗಲ ಮೇಲಿನ ಟವೆಲ್ ತೆಗೆದು ಆ ಹಿಡಿಕೆಯನ್ನು ಪಕ್ಕದ ಕಂಬಿಗೆ ಬಿಗಿದು ಕಟ್ಟಿದ. ಚಹಾ ತಂದಿದ್ದ ಜಗದೇವಪ್ಪನ ಹೆಂಡತಿ ಮಲ್ಲಿಕಾ ನೋಡುತ್ತ ನಿಂತಳು.

“ಅದ್ಯಾಕ್ರಿ ಭಾವಾರ?”

“ಕೈ ತಪ್ಪಿ ಇದರ ಮ್ಯಾಲ ಹೋಗಬಾರದಂತ. ಇನ್ನ ಬಿಡತೀನಂದ್ರೂ ಬಿಡಾಕ ಬರಂಗಿಲ್ಲ.”

ಮಲ್ಲಿಕಾಳಿಗೆ ಸಮಾಧಾನವಾಯಿತು. ದೌಲಪ್ಪನಿಗೂ ಆಯಿತು.

ಮೊದಲ ತೊಟ್ಟಿಗಳು ಸಲೀಸಾಗಿ ಬಂದವು. ಬಿಸಿಲು ಏರಿತು, ಬಾಳೆಯ ಒಂದು ಎಲೆಯೂ ಅಲುಗುತ್ತಿರಲಿಲ್ಲ. ಕೆಳಗಿನಿಂದ ಜಗದೇವಪ್ಪನ ಸಲಿಕೆಯ ಸದ್ದು ಕೇಳುತ್ತಿತ್ತು. ಆಮೇಲೆ ತುಂಬಿದ ತೊಟ್ಟಿಯೊಂದು ಅರ್ಧಕ್ಕೆ ಬಂದಾಗ ಗೋಡೆಯ ಕಲ್ಲಿಗೆ ಬಡಿದು ತೂಗಾಡಿತು. ಯಾರಿಯ ಒಂದು ಕಾಲು ನೆಲ ಬಿಟ್ಟು ಎದ್ದಿತು. ದೌಲಪ್ಪನ ಕೈ ಬಿಡುವ ಹಿಡಿಕೆಗೆ ಹೋಯಿತು. ಟವೆಲ್ ಅಡ್ಡ ಬಂತು. ಕೈ ಟವೆಲಿನ ಚುಂಗು ಹಿಡಿದು ಎಳೆಯಿತು, ಹಿಡಿಕೆ ಒತ್ತಿತು.

ಹಡಗಿನಲ್ಲಾದರೆ ನೀರು ಚಿಮ್ಮಿದ ಸದ್ದು ಬರುತ್ತಿತ್ತು. ಎಲ್ಲರೂ ಇದ್ದೀರಾ ಎಂದು ಯಾರೋ ಕೂಗುತ್ತಿದ್ದರು, ಎಲ್ಲರೂ ಇರುತ್ತಿದ್ದರು. ದೌಲಪ್ಪ ಆ ಕೂಗಿಗೆ ಕಾದ. ಆಳುಗಳು ಬಾವಿಯತ್ತ ಓಡಿದ ಮೇಲೆಯೇ ತಾನೆಲ್ಲಿದ್ದೇನೆಂದು ಅವನಿಗೆ ತಿಳಿದದ್ದು.

ಜಗದೇವಪ್ಪನನ್ನು ಅದೇ ಯಾರಿಯಿಂದ ಮೇಲೆತ್ತಿದರು. ಜೀವ ಇರಲಿಲ್ಲ.

ಮಣ್ಣು ಮಾಡಿ ಬಂದ ಮರುದಿನ ಮಲ್ಲಿಕಾ ಅವನೆದುರು ಬಂದು ಕೂತಳು. ಬಯ್ಯಲಿಲ್ಲ, ಅಳಲೂ ಇಲ್ಲ.

“ಭಾವಾರ, ನೀವು ಗಂಟು ಹಾಕಿದ್ದು ನಾ ಕಣ್ಣಾರೆ ನೋಡೀನಿ. ಅದು ಹ್ಯಾಂಗ ಬಿಚ್ಚಿತು?”

ದೌಲಪ್ಪ ಎದ್ದು ಹೆಗಲ ಟವೆಲನ್ನು ಕಿಟಕಿಯ ಸರಳಿಗೆ ಕಟ್ಟತೊಡಗಿದ. ಈ ಸಲವಾದರೂ, ಚಿಕ್ಕಂದಿನಲ್ಲಿ ಅಪ್ಪ ಎತ್ತು ಕಟ್ಟಲು ಕಲಿಸಿದ್ದ ಗಂಟು ಬೀಳಲೆಂದು ನಿಧಾನವಾಗಿ, ಬೆರಳುಗಳನ್ನೇ ನೋಡುತ್ತ ಕಟ್ಟಿದ. ಮಲ್ಲಿಕಾ ಚುಂಗು ಹಿಡಿದು ಒಮ್ಮೆ ಎಳೆದಳು. ಟವೆಲ್ ಅವಳ ಕೈಗೆ ಬಂತು.