ನನ್ನ ಮೇಲೆ ಕೇಸು ಹಾಕಿದ ಅಣ್ಣಯ್ಯ

ಮೊನ್ನೆ ಬೈಂದೂರು ಬಸ್ಸಿನಲ್ಲಿ ಕುಂದಾಪುರಕ್ಕೆ ಬರುವಾಗ ಹೆಮ್ಮಾಡಿಯಲ್ಲಿ ಒಬ್ಬಾಕೆ ಸೇವಂತಿಗೆಯ ದೊಡ್ಡ ಗಂಟು ಹೊತ್ತು ಹತ್ತಿದಳು. ಆ ಹೂವಿಗೆ ಒಂದು ಹಸಿಹಸಿ ಖಾರದ ವಾಸನೆ. ಬಸ್ಸೆಲ್ಲ ತುಂಬಿಕೊಂಡಿತು. ನನಗೋ, ನಮ್ಮ ಆಫೀಸಿನ ಅಣ್ಣಯ್ಯ ಮನೆ ಬಾಗಿಲಲ್ಲಿ ಬಂದು ನಿಂತ ಹಾಗಾಯಿತು...

ಅಣ್ಣಯ್ಯ ಅಂದರೆ ಒಡಹುಟ್ಟಿದವರಲ್ಲ. ಕುಂದಾಪುರದ ಸರಕಾರಿ ಕಚೇರಿಯೊಂದರಲ್ಲಿ ನನ್ನ ಪಕ್ಕದ ಟೇಬಲ್ಲಿನವರು. ನಾನು ಕೆಲಸಕ್ಕೆ ಸೇರಿದ ದಿನದಿಂದ ನನ್ನನ್ನು ತಂಗಿ ಎಂದೇ ಕರೆದವರು. ಒಂದು ಭಾನುವಾರ ಬೆಳಿಗ್ಗೆ ಬ್ರಹ್ಮಾವರದ ನಮ್ಮ ಮನೆಗೆ, ಬಾಳೆಲೆಯಲ್ಲಿ ಸುತ್ತಿದ ಸೇವಂತಿಗೆ ಹಿಡಿದುಕೊಂಡು ಬಂದರು. ಇಸ್ತ್ರಿ ಹಾಕಿದ ಬಿಳಿ ಪಂಚೆ ಬೇರೆ. ಮಗಳ ಮದುವೆಗೆ ಕರೆಯಲು ಬಂದಿರಬೇಕು ಎಂದುಕೊಂಡು ಬೆಲ್ಲ ನೀರು ಕೊಟ್ಟೆ. ಕುಡಿದು ಲೋಟ ಕೆಳಗಿಟ್ಟರು.

"ತಂಗಿ, ನಿಂಗೊಂದ್ ನೋಟೀಸ್ ಬತ್ತಿತ್. ಬಡ್ತಿ ವಿಷಯದಗೆ ಕೇಸ್ ಹಾಕಿದ್ದೆ. ನಿನ್ ಹೆಸ್ರ್ ಸೇರಿಸ್ದೆ ಇದ್ರೆ ಆತಿಲ್ಲ ಅಂಬ್ರ್ ವಕೀಲ್ರ್. ಪೋಸ್ಟಿನವ ತಂದ್ ಕೊಡುಕ್ ಮುಂಚೆ ನಾನೇ ಹೇಳ್ವ ಅಂತ ಬಂದೆ."

"ಕೇಸ್ ಹಾಕುಕೂ ಹೂಗ್ ಹಿಡ್ಕಂಡ್ ಬಪ್ಪುದಾ ಅಣ್ಣಯ್ಯ?" ಎಂದೆ.

"ಬರೀ ಕೈಯಲ್ ಬಪ್ಪುದ್ ಹ್ಯಾಂಗೆ ಮಾರಾಯ್ತಿ?"

ವಿಷಯ ಇಷ್ಟು. ಅವರು ನನಗಿಂತ ಎಷ್ಟೋ ಮೊದಲೇ ವಿಜಯಪುರದ ಕಡೆ ನೌಕರಿಗೆ ಸೇರಿದವರು. ಅಲ್ಲಿನ ಹುದ್ದೆಯೊಂದನ್ನು ನಮ್ಮ ಜಿಲ್ಲೆಗೆ ಕೊಡುವುದು, ಅದರ ಜೊತೆ ಇವರನ್ನೇ ಕಳಿಸುವುದು ಎಂದು ಹೇಗೂ ತೀರ್ಮಾನವಾಗಿತ್ತಂತೆ. ಆಗ ಇತ್ತ ಊರಲ್ಲಿ, ಶಂಕರನಾರಾಯಣದಲ್ಲಿ, ತಾಯಿಗೆ ಕಾಯಿಲೆ. ನೀವೂ ಒಂದು ಅರ್ಜಿ ಕೊಟ್ಟರೆ ಬೇಗ ಆಗುತ್ತದೆ ಎಂದು ಯಾರೋ ಹೇಳಿದರು, ಇವರು ಕೊಟ್ಟರು. ಅಷ್ಟೇ ತಪ್ಪು. ಸ್ವಂತ ಕೋರಿಕೆಯ ವರ್ಗಾವಣೆ ಎಂದಾಗಿಬಿಟ್ಟಿತು. ಹಾಗೆ ಕೇಳಿಕೊಂಡು ಬಂದವರು ಹೊಸ ಜಿಲ್ಲೆಯ ಜ್ಯೇಷ್ಠತಾ ಪಟ್ಟಿಯಲ್ಲಿ ಎಲ್ಲರಿಗಿಂತ ಕೆಳಗೆ. ಅಲ್ಲಿ ದುಡಿದದ್ದೆಲ್ಲ ಹೊಳೆಯಲ್ಲಿ ಹುಣಸೆಹಣ್ಣು ತೊಳೆದ ಹಾಗೆ. ನಾನು ಬಡ್ತಿ ಪಡೆದು ಪ್ರಥಮ ದರ್ಜೆ ಸಹಾಯಕಿಯಾದೆ, ಅವರು ದ್ವಿತೀಯ ದರ್ಜೆಯಲ್ಲೇ ಉಳಿದರು. ಈಗ ಅವರು ಗೆದ್ದರೆ ಆ ಹುದ್ದೆ ಅವರಿಗೆ, ನನಗೆ ಹಿಂಬಡ್ತಿ.

ನನ್ನ ಬಾಯಿ ಸುಮ್ಮನಿರುವ ಜಾತಿಯದ್ದಲ್ಲ. "ಹೊಟ್ಟಿಗ್ ಹೊಡುಕ್ ನಾನೇ ಸಿಕ್ಕದ್ದಾ ನಿಮ್ಗೆ?" ಎಂದು ಕೇಳಿಯೇಬಿಟ್ಟೆ. ಅವರು ಸಿಟ್ಟಾಗಲಿಲ್ಲ.

"ನಿನ್ ಮೇಲ್ ಎಂತ ಇಲ್ಲ ತಂಗಿ. ಅಷ್ಟ್ ವರ್ಷ ನಾನ್ ಕೆಲ್ಸ ಮಾಡ್ದದ್ದ್ ಹೌದಾ ಅಲ್ದಾ, ಅದೊಂದ್ ಯಾರಾರೂ ಹೇಳ್ಲಿ."

ಸರಕಾರಿ ನೌಕರರ ಕೇಸು ಕೇಳುವ ನ್ಯಾಯಮಂಡಳಿ ಇದ್ದದ್ದು ಬೆಂಗಳೂರಿನಲ್ಲಿ. ವಿಚಾರಣೆಗೆ ಇಬ್ಬರೂ ಹೋಗುತ್ತಿದ್ದುದು ಒಂದೇ ಹಗಲು ರೈಲಿನಲ್ಲಿ. ಅವರು ಕುಂದಾಪುರದಲ್ಲೇ ಹತ್ತಿ, ಬಾರ್ಕೂರಿನಲ್ಲಿ ಹತ್ತುವ ನನಗಾಗಿ ಪಕ್ಕದಲ್ಲಿ ಹೆಗಲಿನ ಬೈರಾಸು ಹಾಸಿ ಜಾಗ ಹಿಡಿದಿಡುತ್ತಿದ್ದರು. ಮಂಗಳೂರು ದಾಟುವವರೆಗೆ ನನಗೆ ಸಿಟ್ಟು, ಆಮೇಲೆ ಹಸಿವು. ಅತ್ತಿಗೆ ಕಟ್ಟಿಕೊಟ್ಟ ಕೊಟ್ಟೆ ಕಡುಬು ಅರ್ಜಿದಾರರದ್ದು, ಚಟ್ನಿ ಪ್ರತಿವಾದಿಯದ್ದು. ಒಮ್ಮೆ ನ್ಯಾಯಮಂಡಳಿಯ ಮೆಟ್ಟಿಲಲ್ಲಿ ಅವರು ನನ್ನ ಚೀಲ ಹಿಡಿದು ನಿಂತದ್ದು ಕಂಡು ನನ್ನ ವಕೀಲರು, "ಮೇಡಂ, ನೀವು ನಿಜವಾಗಿ ಯಾರ ಕಡೆ?" ಎಂದು ಕೇಳಿದ್ದರು.

ಕೊನೆಗೆ ಅಣ್ಣಯ್ಯನೇ ಗೆದ್ದರು. ಹುದ್ದೆಯ ಜೊತೆ ಇಲಾಖೆಯೇ ಕಳಿಸಿದ್ದು, ಆದ್ದರಿಂದ ಹಳೆಯ ವರ್ಷಗಳನ್ನೂ ಲೆಕ್ಕಕ್ಕೆ ಹಿಡಿಯಬೇಕು ಎಂದಾಯಿತು. ನಾನು ಇಳಿದೆ, ಸಂಬಳವೂ ಇಳಿಯಿತು. ಅವರು ಹೊಸ ಹುದ್ದೆಯ ಮೊಹರನ್ನು ಮೊದಲ ಸಲ ಎರಡೂ ಕೈಯಿಂದ ಒತ್ತಿದ್ದನ್ನು ನೋಡಿದೆ. ನಗು ಬಂತು, ಹೊಟ್ಟೆ ಉರಿಯೂ ಬಂತು. ಎಷ್ಟೋ ದಿನ ಅವರತ್ತ ತಿರುಗಿ ನೋಡಲಿಲ್ಲ. ಒಂದು ಮಧ್ಯಾಹ್ನ ಅವರೇ ನನ್ನ ಟೇಬಲ್ಲಿಗೆ ಬಂದರು.

"ನಂಗೆ ಗೆದ್ದದ್ದ್ ಖುಷಿ ಇತ್ತ್ ತಂಗಿ, ಸುಳ್ಳ್ ಹೇಳುದಿಲ್ಲ. ನಿಂಗ್ ಹೀಂಗಾದ್ದ್ ಬೇಜಾರೂ ಇತ್ತ್. ಎರಡೂ ಇತ್ತ್, ಎಂತ ಮಾಡುದ್?"

"ಮೊದ್ಲ್ ಚಾ ಕುಡ್ಸಿ" ಎಂದೆ. ಅಲ್ಲಿಗೆ ನಮ್ಮ ಜಗಳ ಮುಗಿಯಿತು.

ಆ ಮಳೆಗಾಲ ಮುಗಿಯುವುದರೊಳಗೆ, ಕೋಡಿಯ ಬಾಡಿಗೆ ಮನೆಯಲ್ಲಿ, ಎದೆನೋವು ಎಂದು ಮಲಗಿದವರು ಏಳಲಿಲ್ಲ... ನಿವೃತ್ತಿಗೆ ಇನ್ನೂ ಕಾಲವಿತ್ತು. ಸುದ್ದಿ ಕೇಳಿ ಆಫೀಸಿನಲ್ಲಿ ಎಲ್ಲರೆದುರು ಅತ್ತೆ. ಕೇಸು ಸೋತವಳು ಅಳುತ್ತಿದ್ದಾಳೆ ಎಂದು ಹೊಸಬರಿಗೆ ಆಶ್ಚರ್ಯ.

ಹುದ್ದೆ ಖಾಲಿಯಾಯಿತು. ಪಟ್ಟಿಯಲ್ಲಿ ಅವರ ಕೆಳಗಿದ್ದವಳು ನಾನು. ನಮ್ಮಲ್ಲಿ ರೀತಿಯೇ ಹಾಗೆ. ಮೇಲಿನವರು ಎದ್ದರೆ ಕೆಳಗಿನವರು ಏರುತ್ತಾರೆ, ಯಾಕೆ ಎದ್ದರು ಎಂದು ಯಾರೂ ಕೇಳುವುದಿಲ್ಲ. ಬಡ್ತಿ ಆದೇಶ ಬಂದ ದಿನ ನಮ್ಮ ಜವಾನ, "ಅಂತೂ ನಿಮ್ದ್ ನಿಮ್ಗೇ ಬಂತ್ ಅಲ್ದಾ ಮೇಡಮ್ಮಾ" ಎಂದು ನಕ್ಕ. ಪಾಪ, ಕೆಟ್ಟ ಮನಸ್ಸಿನಿಂದ ಹೇಳಿದ್ದಲ್ಲ.

ಈಗಲೂ ಆ ಹುದ್ದೆಯಲ್ಲೇ ಇದ್ದೇನೆ. ಬೇಡವಾಗಿತ್ತು ಎಂದರೆ ಸುಳ್ಳಾಗುತ್ತದೆ. ಅದಕ್ಕಾಗಿಯೇ ಬೆಂಗಳೂರಿಗೆ ಅಲೆದವಳು ನಾನು. ಆದರೆ ಅವರು ನಿವೃತ್ತರಾಗಿ, ಹಾರ ಹಾಕಿಸಿಕೊಂಡು, "ಇನ್ನ್ ನೀನ್ ಕೂಕೋ ತಂಗಿ" ಎಂದು ಎದ್ದು ಹೋದ ಮೇಲೆ ಇದು ನನಗೆ ಬರಬೇಕಿತ್ತು. ಅಲ್ಲಿವರೆಗೆ ಬೈದುಕೊಂಡಾದರೂ ಕಾಯುತ್ತಿದ್ದೆ.